ಚಂದಪ್ಪನ ಹೆಬ್ಬೆಟ್ಟು

"ನೆಲಕ್ಕ ಚೆಲ್ತೀಯಲ್ಲೋ ಸೂಳೇಮಗನ, ಅರಗು ನಿಮ್ಮಪ್ಪನ ಕುರಿ ಹಟ್ಯಾಗಿಂದ ತಂದೀಯೇನು?"

ಗುರಲಿಂಗಪ್ಪ ಸಾಹೇಬರು ಬೈದದ್ದು ಇಡೀ ಕಚೇರಿಗೆ ಕೇಳಿಸಿತು. ಸಿಪಾಯಿ ಚಂದಪ್ಪ ತಲೆ ಎತ್ತಲಿಲ್ಲ. ಸ್ಪಿರಿಟ್ ದೀಪದ ಮೇಲೆ ತಗಡಿನ ಮುಚ್ಚಳವಿಟ್ಟು ಅರಗು ಕರಗಿಸುತ್ತಲೇ ಇದ್ದ.

೧೯೮೨ರ ಮಾರ್ಚ್ ಕೊನೆಯ ವಾರ, ಹುನಗುಂದ. ಸಿಪಾಯಿಗಳ ಕೆಲಸದ ಬಗ್ಗೆ ಗುಪ್ತ ವರದಿ ಬರೆದು, ಲಕೋಟೆಗೆ ಅರಗಿನ ಮುದ್ರೆ ಒತ್ತಿ, ಬಾಗಲಕೋಟೆಯ ಮೇಲಿನ ಕಚೇರಿಗೆ ಮುಟ್ಟಿಸುವುದು ವರ್ಷವರ್ಷದ ರಿವಾಜು. ಬರೆಯುವವರು ಸಾಹೇಬರು, ಮುದ್ರೆ ಒತ್ತಿ ಮುಟ್ಟಿಸುವವನು ಚಂದಪ್ಪ. ಹನ್ನೊಂದು ವರ್ಷ ತನ್ನ ವರದಿಯನ್ನು ತಾನೇ ಹೊತ್ತುಕೊಂಡು ಹೋಗಿದ್ದಾನೆ ಪುಣ್ಯಾತ್ಮ. ಒಮ್ಮೆ ಬಸ್ಸಿನ ಓಡಾಟ ನಿಂತಿದ್ದಾಗ, ತಡವಾದರೆ ಬಡ್ತಿ ತಪ್ಪೀತೆಂದು, ಲಕೋಟೆಯನ್ನು ಕಂಬಳಿಯಲ್ಲಿ ಸುತ್ತಿಕೊಂಡು ನಡೆದೇ ಹೋಗಿದ್ದ. ಒಡೆದು ನೋಡುವ ಯೋಚನೆ ಕೂಡ ಬಂದಿರಲಿಲ್ಲ. ಕುರಿಗಾರರ ದೇವರು ಬೀರಪ್ಪನ ಒಕ್ಕಲು, ಸರಕಾರದ ಮುದ್ರೆಯೆಂದರೆ ಅವನಿಗೆ ದೇವರ ಮುದ್ರೆ.

ಮರೋಳದ ಕುರಿಗಾರರಲ್ಲಿ ಮೊದಲು ಎಸ್ಸೆಸ್ಸೆಲ್ಸಿ ಪಾಸಾದವನು ಅವನು. ಸಿಪಾಯಿಯಾಗಿ ಐದು ವರ್ಷ ತುಂಬಿದರೆ ಕಾರಕೂನನಾಗಬಹುದಿತ್ತು, ಹದಿನಾರು ತುಂಬಿದವು. ಅವನ ಹಿಂದೆ ಬಂದ ಮೂವರು ಕಾರಕೂನರಾದರು. ಮೂರನೆಯವನು ಹೆಡ್ ಕಾರಕೂನ ಬಸಯ್ಯನ ತಂಗಿಯ ಮಗ. ಈ ವರ್ಷ ತಪ್ಪಿದರೆ ಚಂದಪ್ಪನಿಗೆ ವಯಸ್ಸು ಮೀರುತ್ತದೆ, ಮುಂದೆ ಬಡ್ತಿಯ ಮಾತೇ ಇಲ್ಲ. ಆ ಆಸೆಗೇ ಅವನು ಸಾಹೇಬರ ಎಮ್ಮೆ ತೊಳೆದ, ಹೆಂಡತಿ ಪದ್ಮವ್ವ ಅವರ ಮನೆಯ ಬಾಣಂತಿಯ ಬಟ್ಟೆ ಒಗೆದಳು. ಬಸಯ್ಯ ಬರೆಯಬೇಕಾದ, ಬಂದ ಕಾಗದಗಳ ಆವಕ ರಜಿಸ್ಟರನ್ನು ಆರು ವರ್ಷ ಚಂದಪ್ಪನೇ ಬರೆದ. ಪಗಾರದ ಪಟ್ಟಿಗೆ ಮಾತ್ರ ಹೆಬ್ಬೆಟ್ಟು. ಸಿಪಾಯಿಗಳದ್ದೆಲ್ಲ ಹೀಗೇ ಎಂದು ಬಸಯ್ಯ ಹೇಳಿದ್ದ, ಇವನು ನಂಬಿದ್ದ. ಪ್ರತಿ ಮಾರ್ಚಿಗೂ ಸಾಹೇಬರು ಈ ಸಲ ಚಲೋ ಬರೆದಿದ್ದೇನೆ ಎನ್ನುತ್ತಿದ್ದರು.

ಮೊನ್ನೆ ಬಾಗಲಕೋಟೆಗೆ ಹೋದಾಗ ಮೇಲಿನ ಕಚೇರಿಯ ರಾಜಮಹ್ಮದ ಚಹಾದಂಗಡಿಗೆ ಕರೆದೊಯ್ದು, ತಡೆಯಲಾರದೆ ಹೇಳಿಬಿಟ್ಟಿದ್ದ. ಹನ್ನೊಂದು ವರ್ಷವೂ ಬರೆದದ್ದು ಒಂದೇ ಮಾತಂತೆ. ಚಂದಪ್ಪ ಚಹಾ ಮುಟ್ಟದೆ ಎದ್ದು ಬಂದಿದ್ದ. ಆಗಲೂ ಅವನಿಗೆ ಪೂರ್ತಿ ನಂಬಿಕೆ ಬಂದಿರಲಿಲ್ಲ.

ಈಗ ಸಾಹೇಬರು ಲಕೋಟೆಯನ್ನು ಅವನ ಮುಂದೆ ಎಸೆದರು. ಚಂದಪ್ಪ ಮುದ್ರೆ ಒತ್ತಲಿಲ್ಲ. ಕಾಗದ ಹೊರಗೆಳೆದು, ಎದ್ದು ನಿಂತು, ಶಾಲೆಯಲ್ಲಿ ಪಾಠ ಓದುವಂತೆ ಗಟ್ಟಿಯಾಗಿ ಓದಿದ.

"ಸಿಪಾಯಿ ಚಂದಪ್ಪನಿಗೆ ಓದಲು, ಬರೆಯಲು ಬರುವುದಿಲ್ಲ. ಬಡ್ತಿಗೆ ಯೋಗ್ಯನಲ್ಲ."

ಕೆಲಸಕ್ಕೆಂದು ಬಂದು ಬಾಗಿಲಲ್ಲಿ ನಿಂತಿದ್ದ ರೈತರಲ್ಲಿ ಒಬ್ಬ ನಕ್ಕ. ಸಾಹೇಬರಿಗೆ ನಾಚಿಕೆಯೇನೂ ಆಗಲಿಲ್ಲ.

"ಹೌದೋ, ಬರದೇನಿ. ನೀ ಕುರ್ಚಿ ಮ್ಯಾಲ ಕುಂತ್ರ ನಮ್ಮನಿ ಎಮ್ಮಿ ಯಾರ ತೊಳೀಬೇಕಲೇ?"

ಗುಪ್ತ ಕಾಗದ ತೆಗೆದು ಓದಿದ್ದಕ್ಕೆ ಅಲ್ಲೇ ಅಮಾನತಿನ ಆದೇಶ ಬರೆಸಿದರು. ಬಸಯ್ಯ ಅದನ್ನು ತಂದು ಮುಂದಿಟ್ಟ. ಆದೇಶ ತನಗೆ ಮುಟ್ಟಿದೆಯೆಂದು ಸಹಿ ಹಾಕಲು ಚಂದಪ್ಪ ಪೆನ್ನು ಕೇಳಿದ.

"ಪೆನ್ ಕೊಡಬ್ಯಾಡ್ರಿ ಬಸಯ್ಯ," ಎಂದರು ಸಾಹೇಬರು. "ಸಹಿ ಮಾಡಿದ್ರ ನನ್ನ ವರದಿ ಸುಳ್ಳಾಗತೈತಿ. ಹೆಬ್ಬಟ್ ಒತ್ತಸ್ರಿ, ಹಿಡದ ಒತ್ತಸ್ರಿ."

ಬಸಯ್ಯ ಮತ್ತು ಅವನ ತಂಗಿಯ ಮಗ ಬಂದು ಎಡಗೈ ಹಿಡಿದು ಶಾಯಿಯ ಪ್ಯಾಡಿನತ್ತ ಎಳೆದರು. ಚಂದಪ್ಪ ಕೊಸರಿಕೊಂಡ. ಕೊಸರಿಕೊಂಡ ಕೈಯ ಹೆಬ್ಬೆಟ್ಟನ್ನು ಕುದಿಯುವ ಅರಗಿಗೆ ಅದ್ದಿ ಹಿಡಿದ. ಚರ್ಮ ಸುಟ್ಟ ವಾಸನೆ ಬಂತು. ಹಲ್ಲು ಕಚ್ಚಿಕೊಂಡು ಹಾಗೇ ನಿಂತ.

"ಈಗ ಒತ್ತಸ್ರಿ," ಎಂದ.

ಯಾರೂ ಹತ್ತಿರ ಬರಲಿಲ್ಲ. ಅವನು ಬಲಗೈ ಚಾಚಿ ಸಾಹೇಬರ ಜೇಬಿನ ಪೆನ್ನು ಎಳೆದುಕೊಂಡ. ಆದೇಶದ ಕೆಳಗೆ ತನ್ನ ಹೆಸರು, ಅಪ್ಪನ ಹೆಸರು, ಊರು, ತಾರೀಖು, ಎಲ್ಲವನ್ನೂ ಅವಸರವಿಲ್ಲದೆ ಬರೆದ. ಕಾಗದ ಅಲುಗದಂತೆ ಎಡಗೈಯಿಂದ ಒತ್ತಿ ಹಿಡಿದಿದ್ದ. ಬರೆದು ಮುಗಿಸಿ ಕೈ ಎತ್ತಿದಾಗ, ಅರಗಿನ ಜೊತೆ ಹೆಬ್ಬೆಟ್ಟಿನ ಚರ್ಮವೂ ಆದೇಶಕ್ಕೆ ಅಂಟಿಕೊಂಡು ಉಳಿಯಿತು.