ಲತೀಶಾಬಾಯಿಯ ಮಗ

"ಹಾಗೆ ಆಕೆ ತೀರಿಕೊಂಡಳು" ಎಂದು ಉಪನ್ಯಾಸ ಮುಗಿಸಿದ ಮೇಲೂ ಯಾರೂ ಚಪ್ಪಾಳೆ ತಟ್ಟಲಿಲ್ಲ. ಸವಣೂರಿನ ಮಹಿಳಾ ಮಂಡಳದ ಹೆಂಗಸರು, ಇನ್ನೂ ಏನೋ ಬಾಕಿಯಿದೆ ಎಂಬಂತೆ ತನುಜಾಳ ಮುಖವನ್ನೇ ನೋಡುತ್ತಿದ್ದರು.

ತನುಜಾ ಹಾನಗಲ್ಲಿನ ಕಾಲೇಜೊಂದರಲ್ಲಿ ಇಂಗ್ಲಿಷ್ ಕಲಿಸುವವಳು. ವಿಕ್ಟೋರಿಯಾ ರಾಣಿಯ ಕಾಲದ ನಟಿ ಲೆಟೀಶಾ ಮಾರ್ಲ್ ಬಗ್ಗೆ ಪಿಎಚ್.ಡಿ. ಮಾಡಿದ್ದಳು. ಆ ಪ್ರಬಂಧವನ್ನು ಪೂರ್ತಿ ಓದಿದವಳು ಟೈಪು ಮಾಡಿದ ಹುಡುಗಿ ಮಾತ್ರ ಎಂಬ ಗುಮಾನಿ ಅವಳಿಗಿತ್ತು. ಮಂಡಳದ ಅಧ್ಯಕ್ಷೆ ಕುಲಸುಮಬಿ ಸ್ವಾಗತ ಭಾಷಣದಲ್ಲೇ ಲೆಟೀಶಾಳನ್ನು ಲತೀಶಾಬಾಯಿ ಮಾಡಿದ್ದರು. ಆಮೇಲೆ ತನುಜಾಳ ಬಾಯಲ್ಲೂ ಅದೇ ಬಂತು.

ಲತೀಶಾಬಾಯಿ ಊರೂರು ಅಲೆಯುವ ನಾಟಕದವರ ಮಗಳು. ಐದನೇ ವಯಸ್ಸಿಗೆ ದೆವ್ವದ ಪಾತ್ರ, ಇಪ್ಪತ್ತಕ್ಕೆ ಲಂಡನ್ನಿನಲ್ಲಿ ನಾಯಕಿ. ಗಿರಣಿಯ ಮಾಲೀಕನೊಬ್ಬ ಅಭಿನಯ ಮೆಚ್ಚಿ ಮದುವೆಯಾದ, ಮೆಚ್ಚಿದ್ದನ್ನೇ ಬಿಡಿಸಿದ. ಕೆಲವು ವರ್ಷ ಆಕೆ ಸಂಜೆಯಾದರೆ ಸಿಂಗರಿಸಿಕೊಂಡು ಮನೆಯಲ್ಲಿ ಸುಮ್ಮನೆ ಕೂತಿರುತ್ತಿದ್ದಳು. ಒಂದು ಸಂಜೆ ಹಾಗೇ ಎದ್ದು ನಾಟಕಶಾಲೆಗೆ ನಡೆದಳು. ಕಾನೂನು ಅವರ ಒಬ್ಬನೇ ಮಗನನ್ನು ಗಂಡನಿಗೆ ಕೊಟ್ಟಿತು. ಮುಂದೆ ಆಕೆ ಹೆಸರಾದದ್ದು ತಾಯಿಯ ಪಾತ್ರಗಳಿಗೆ. ಮುಪ್ಪಿನಲ್ಲೊಮ್ಮೆ ಮಾತು ಮರೆತು, "ನಾನು ಯಾರ ತಾಯಿ?" ಎಂದು ಪ್ರೇಕ್ಷಕರನ್ನೇ ಕೇಳಿಬಿಟ್ಟಳು. ಅದೂ ಅಭಿನಯವೆಂದುಕೊಂಡು ಜನ ಎದ್ದು ನಿಂತು ಕೊಂಡಾಡಿದರು.

ಮುಂದಿನ ಸಾಲಿನಲ್ಲಿ ಎಲೆಗೆ ಸುಣ್ಣ ಹಚ್ಚುತ್ತಿದ್ದ ಸರೋಜವ್ವ ತಲೆಯೆತ್ತಿದಳು. "ಅದೆಲ್ಲಾ ಖರೇ ಬಿಡ್ರಿ ಬಾಯಾರ. ಆ ಹುಡುಗ ಮುಂದ ಅವ್ವನ್ನ ನೋಡಾಕ ಬಂದ್ನೋ ಇಲ್ಲೋ?"

ಈ ಬಗ್ಗೆ ಆಧಾರಗಳಿಲ್ಲ ಎಂದು ತನುಜಾ ಪ್ರಬಂಧದಲ್ಲಿ ಬರೆದಿದ್ದಳು.

"ಬಂದ್ನಿರಿ" ಎಂದಳು.

"ಯಾವಾಗ?"

"ನಾಟಕ ಮುಗದ ಮ್ಯಾಲೆ. ಬಣ್ಣದ ಖೋಲಿಗೆ."

"ಬಂದು ಏನಂದ?"

"ಅವ್ವಾ ಅಂದ."

"ಇಂಗ್ಲಿಷಿನ್ಯಾಗೇನ್ರಿ?" ಎಂದು ಹಿಂದಿನಿಂದ ಒಬ್ಬಳು ಕೇಳಿದಳು. ಸರೋಜವ್ವ ತಿರುಗಿ, "ಸುಮ್ನಿರ ಹೇಮಾ" ಎಂದು ಗದರಿ, ಸೆರಗಿನಿಂದ ಕಣ್ಣೊರೆಸಿಕೊಂಡಳು. ಆಗ ಚಪ್ಪಾಳೆ ಬಿತ್ತು.

ತನುಜಾಳಿಗೆ ನಾಚಿಕೆಯಾಗಬೇಕಿತ್ತು. ಆಗಲಿಲ್ಲ. ಹಿತವಾಯಿತು.

ಚಹಾದ ಜೊತೆ ಖಾರಾ ಕೊಡುತ್ತ ಕುಲಸುಮಬಿ ಕೇಳಿದರು: "ನಿಮಗ ಮಕ್ಕಳೆಷ್ಟ್ರಿ?"

"ಒಬ್ಬವ ಮಗ. ಶಿಗ್ಗಾಂವಿಯೊಳಗ ಅದಾನ್ರಿ."

"ನಿಮ್ಮ ಕೂಡ ಇಲ್ಲೇನು?"

"ಅವನ ಸಾಲಿ ಅಲ್ಲೇ ಐತ್ರಿ."

ಹಾನಗಲ್ಲಿನಲ್ಲೂ ಶಾಲೆಗಳಿವೆ ಎಂಬುದು ಕುಲಸುಮಬಿಗೆ ಗೊತ್ತಿತ್ತು. ತಟ್ಟೆಗೆ ಇನ್ನಷ್ಟು ಖಾರಾ ಹಾಕಿದರು.

ಗಂಡನನ್ನು ಬಿಟ್ಟು ತನುಜಾ ಹಾನಗಲ್ಲಿಗೆ ಬಂದಾಗ ಮಗ ಲೋಹಿತ ಶಿಗ್ಗಾಂವಿಯಲ್ಲೇ ಅಪ್ಪನ ಹತ್ತಿರ ಉಳಿದಿದ್ದ. ಕಾನೂನು ಕಟ್ಟಳೆ ಏನೂ ಅಡ್ಡ ಬಂದಿರಲಿಲ್ಲ. ಕೇಳಿದಾಗ, "ಇಲ್ಲೇ ಇರ್ತೇನಿ" ಎಂದಿದ್ದ, ಅಷ್ಟೇ.

ಬಸ್ಸಿನಲ್ಲಿ ಕೂತು ಅವನಿಗೆ ಫೋನು ಮಾಡಿದಳು. "ಶಿಗ್ಗಾಂವಿ ಮ್ಯಾಲೆ ಹೊಂಟೇನಿ. ಸ್ಟ್ಯಾಂಡಿಗೆ ಬರ್ತೀಯೇನು?"

"ಟ್ಯೂಶನ್ ಐತಿ."

"ಒಂದೀಟು ಮಾರಿ ತೋರ್ಸಿ ಹೋಗು."

"ನೋಡ್ತೇನ್ರಿ."

ಹೆತ್ತ ಅವ್ವನಿಗೆ ಅಲ್ಲಿ ಯಾರೂ 'ರಿ' ಹಚ್ಚಿ ಮಾತಾಡುವುದಿಲ್ಲ. ಹುಡುಗ ಸಭ್ಯನಾಗಿದ್ದಾನೆ ಎಂದುಕೊಂಡಳು.

ಶಿಗ್ಗಾಂವಿಯಲ್ಲಿ ಬಸ್ಸು ಬಹಳ ಹೊತ್ತು ನಿಂತಿತು. ಸಮವಸ್ತ್ರದ ಹುಡುಗರೆಲ್ಲ ದೂರದಿಂದ ಲೋಹಿತನಂತೆ ಕಂಡು, ಹತ್ತಿರ ಬಂದು ಬೇರೆ ಯಾರೋ ಆದರು. ಇಳಿದು ಅವನ ಮನೆಗೇ ಹೋಗಿಬಿಡೋಣವೆಂದು ಅವಳು ಬ್ಯಾಗು ಹೆಗಲಿಗೇರಿಸಿ ಅರ್ಧ ಎದ್ದಳು.

"ಸ್ವಲ್ಪ ಸರೀರಿ ಮೇಡಂ" ಎನ್ನುತ್ತ, ಅಲ್ಲಿನ ಬಟ್ಟೆ ಅಂಗಡಿಯ ಅಫ್ಜಲ ಎಂಬಾತ ಆಳೆತ್ತರದ ಗೊಂಬೆಯೊಂದನ್ನು ತಂದು ಅವಳ ಪಕ್ಕಕ್ಕೆ ಆನಿಸಿದ. ಗೊಂಬೆಗೆ ಜರಿ ಸೀರೆ, ಹಣೆಗೆ ಕುಂಕುಮ. "ಹಾನಗಲ್ಲಿನ್ಯಾಗ ಹೊಸಾ ಅಂಗಡಿ ತಗದೇನ್ರಿ. ಅದಕ ಒಯ್ಯಾಕತ್ತೇನಿ."

"ಆ ಬಾಯಾರಿಗೂ ಟಿಕೀಟು ತಗಸ್ರಿ" ಎಂದ ಕಂಡಕ್ಟರು.

"ಬಾಯಿಲ್ಲದಾಕಿಗೆ ಹಾಫ್ ಕೊಡ್ರಿ" ಎಂದ ಅಫ್ಜಲ. ಬಸ್ಸೆಲ್ಲ ನಕ್ಕಿತು. ತನುಜಾ ಇನ್ನೂ ಅರ್ಧ ಎದ್ದೇ ಇದ್ದಳು.

"ನೀವು ಇಲ್ಲೇ ಇಳಿಯಾವ್ರೇನ್ರಿ?"

"ಇಲ್ರಿ" ಎಂದು ಕೂತಳು.

ಬಸ್ಸು ಹೊರಟಿತು. ಮೊದಲ ತಿರುವಿನಲ್ಲೇ ಗೊಂಬೆ ಅವಳ ಹೆಗಲಿಗೆ ತಲೆಯಾನಿಸಿತು. "ಒಂದೀಟು ಹಿಡ್ಕೋರಿ, ಬೀಳ್ತಾಳ" ಎಂದ ಅಫ್ಜಲ. ತನುಜಾ ಅದರ ಬೆನ್ನು ಬಳಸಿ ಹಿಡಿಯಲು ಸೆರಗಿನ ಕೆಳಗೆ ಕೈ ಚಾಚಿದಳು. ಮುಂಭಾಗವಷ್ಟೇ ಇದ್ದ ಗೊಂಬೆ ಅದು, ಬೆನ್ನೇ ಇರಲಿಲ್ಲ. ಅವಳ ಕೈ ಎದೆಯ ಒಳಗಿನ ಟೊಳ್ಳಿನವರೆಗೆ ಹೋಯಿತು.

ಅಲ್ಲೇ ಹಿಡಿದುಕೊಂಡಳು.