ಎರಡು ವರ್ಷಕ್ಕೆ ಹನ್ನೊಂದು ದಿನ ಕಮ್ಮಿ

"ಬಾಗಿಲು ತೆಗೆದಿಟ್ಟಿದ್ದು ಗಾಳಿಗಾ, ನನಗಾ?" ಎಂದು ನಗುತ್ತ ಕೇಳುವಷ್ಟರಲ್ಲಿ ಅವನು ಒಳಗೆ ಬಂದಾಗಿತ್ತು.

ಬಾಗಿಲು ತೆಗೆದಿಟ್ಟದ್ದು ಬೆಳಕಿಗೆ. ಅವಳ ಮಡಿಲಲ್ಲಿ ದರ್ಜಿ ಅಂಗಡಿಯಿಂದ ಬಂದ ಶರ್ಟುಗಳ ಗಂಟಿತ್ತು. ಗುಂಡಿ ತೂರಿಸುವ ಸಣ್ಣ ಸೀಳಿನ ಅಂಚಿಗೆ ನೂಲು ಕಟ್ಟುವ ಕಾಜಾ ಕೆಲಸಕ್ಕೆ ಬೆಳಿಗ್ಗೆ ಹತ್ತರ ಬೆಳಕಿಗಿಂತ ಒಳ್ಳೆಯದಿಲ್ಲ. ಬೀದಿಯವರೆಲ್ಲ ಅವಳನ್ನು ಕಾಜಾ ಅಕ್ಕ ಎಂದೇ ಕರೆಯುತ್ತಿದ್ದರು. ಬಂದವನು ಅವಳ ಗಂಡ. ಅವನು ಮನೆ ಬಿಟ್ಟು ಹೋಗಿ ಎರಡು ವರ್ಷಕ್ಕೆ ಹನ್ನೊಂದು ದಿನ ಕಮ್ಮಿಯಾಗಿತ್ತು.

ಆ ಹನ್ನೊಂದು ದಿನ ಕಳೆದುಬಿಟ್ಟರೆ ಸಾಕೆಂದು ಅವಳು ಜೀವ ಕೈಯಲ್ಲಿ ಹಿಡಿದುಕೊಂಡಿದ್ದಳು. "ಬಿಟ್ಟು ಹೋಗಿ ಎರಡು ವರ್ಷ ಪೂರ್ತಿ ಆಗ್ಲಿ, ಮಾರನೇ ದಿನವೇ ವಿಚ್ಛೇದನದ ಅರ್ಜಿ ಹಾಕೋಣ," ಎಂದಿದ್ದರು ವಕೀಲಮ್ಮ. "ಆದ್ರೆ ನಡುವೆ ಬಂದು, ಇಬ್ರೂ ಒಂದಾಗಿ ಬಾಳಿದ್ವಿ ಅಂತ ಅವ್ರು ತೋರಿಸಿಬಿಟ್ರೆ ಮತ್ತೆ ಮೊದಲಿಂದ ಎಣಿಸ್ಬೇಕು. ಹುಷಾರು."

"ಹೊಡೆದಿದ್ದು ಲೆಕ್ಕಕ್ಕಿಲ್ವಾ, ಮೇಡಂ?" ಎಂದು ಅವಳು ಮಡಚಲು ಬಾರದ ಎಡಗೈಯ ಕಿರುಬೆರಳನ್ನು ತೋರಿಸಿದ್ದಳು.

"ಇದೆ. ಆಸ್ಪತ್ರೇಲಿ ಏನಂತ ಬರೆಸಿದ್ರಿ?"

"ಬಾಗಿಲ ಸಂದೀಲಿ ಸಿಕ್ಕಿಕೊಳ್ತು ಅಂತ."

ವಕೀಲಮ್ಮ ಪೆನ್ನು ಮುಚ್ಚಿಟ್ಟಿದ್ದರು. ಹೊಡೆದದ್ದನ್ನು ಕಂಡವರು ಯಾರೂ ಇಲ್ಲ, ಬಿಟ್ಟು ಹೋದದ್ದಕ್ಕೆ ಮಾತ್ರ ಕಟ್ಟಡದ ಮೂರು ಮಹಡಿಯೂ ಸಾಕ್ಷಿ. ಎದುರು ಮನೆಯ ನಿವೃತ್ತ ಟೀಚರಮ್ಮನಂತೂ ತಾವೇ ಮುಂದೆ ಬಂದಿದ್ದರು. "ಕೋರ್ಟಲ್ಲಿ ನಾನ್ ಹೇಳ್ತೀನಿ ಕಣಮ್ಮ. ನಲವತ್ತು ವರ್ಷ ಹಾಜರಿ ಕೂಗಿದೋಳು. ಯಾರು ಬಂದಿಲ್ಲ ಅಂತ ನಂಗೆ ಗೊತ್ತಾಗಲ್ವಾ?"

"ಯಾಕೆ ಬಂದ್ರಿ?" ಎಂದಳು ಈಗ.

"ನಮ್ಮನೆಗೆ ಬರೋದಕ್ಕೂ ಅರ್ಜಿ ಹಾಕ್ಬೇಕಾ?" ಅವನು ಚೀಲವನ್ನು ಮಂಚದ ಮೇಲಿಟ್ಟು, ಮುಖ ತೊಳೆದು ಬಂದು, ಅವಳ ಟವೆಲ್ಲಿನಲ್ಲೇ ಒರೆಸಿಕೊಂಡ. ಮೆಟ್ಟಿಲು ಹತ್ತುವಾಗಲೇ ನೆಲಮಹಡಿಯ ಅಜ್ಜಿಯ ಮಂಡಿನೋವು ವಿಚಾರಿಸಿ, ಎರಡನೇ ಮಹಡಿಯವರ ಗ್ಯಾಸ್ ಸಿಲಿಂಡರ್ ಹೊತ್ತುಕೊಟ್ಟು ಬಂದೆನೆಂದು ತಾನೇ ಹೇಳಿಕೊಂಡ. ಮನೆಗೆ ಮಾರಿ, ಊರಿಗೆ ಉಪಕಾರಿ ಅನ್ನುತ್ತಾರಲ್ಲ, ಆ ಜಾತಿ.

"ಹೋಗಿ ಇಲ್ಲಿಂದ," ಎಂದಳು. ಕೂಗಿಬಿಡಲೇ ಎನ್ನಿಸಿತು. ಏನೆಂದು ಕೂಗುವುದು? ಗಂಡ ಮನೆಗೆ ಬಂದ ಎಂದೇ? ಮಡಿಲಿನ ಶರ್ಟನ್ನು ಹೊಲಿಯುತ್ತಲೇ ಇದ್ದಳು.

ಅವನು ಬಂದು ಎದುರಿಗೆ ಮಂಡಿಯೂರಿ ಕೂತ. ಇಷ್ಟು ಮೆತ್ತಗೆ ಅವನು ಯಾವತ್ತೂ ಕೂತವನಲ್ಲ. ಶರ್ಟಿನ ಎರಡನೇ ಗುಂಡಿ ಒಂದೇ ಎಳೆಯಲ್ಲಿ ನೇತಾಡುತ್ತಿತ್ತು.

"ಬಸ್ಸಲ್ಲಿ ಎಳೆದಾಡಿ ಹೀಗಾಯ್ತು. ಬಿದ್ದೇ ಹೋಗತ್ತೇನೋ."

ಸಡಿಲವಾದ ಗುಂಡಿ ಕಂಡರೆ ಅವಳ ಕೈ ಸುಮ್ಮನಿರುವುದಿಲ್ಲ. ವಕೀಲಮ್ಮ ಕಾನೂನು ವಿವರಿಸುತ್ತಿದ್ದಾಗಲೇ ಅವರ ಕಪ್ಪು ಕೋಟಿನ ಗುಂಡಿ ಬಿಗಿದುಕೊಟ್ಟು ಬಂದವಳು ಅವಳು. ಹದಿನೈದು ವರ್ಷದ ಅಭ್ಯಾಸ. ಕೈಗೆಲ್ಲಿಂದ ಬರಬೇಕು ಕಾನೂನು? ಅವಳು ಮನಸ್ಸಿನಲ್ಲಿ ಬೇಡ ಬೇಡವೆನ್ನುತ್ತಿದ್ದಾಗಲೇ ಸೂಜಿ ನಾಲ್ಕು ಸಲ ಹೋಗಿ ಬಂದಿತ್ತು. ಅವನು ಸ್ವಲ್ಪ ಮಿಸುಕಿದ.

"ರೀ, ಅಲ್ಲಾಡ್ಬೇಡಿ, ಚುಚ್ಚತ್ತೆ."

ಎರಡು ವರ್ಷದಿಂದ ಬಾಯಿಗೆ ಬಾರದಿದ್ದ ಆ 'ರೀ' ತಾನಾಗಿ ಬಂದುಬಿಟ್ಟಿತು. ನೂಲು ಕಡಿಯಲು ಬಗ್ಗಿದಳು. ಹಣೆ ಅವನ ಎದೆಗೆ ತಾಗುವಂತಿತ್ತು. ಆಗ ಗೊತ್ತಾಯಿತು, ಅವನು ನೋಡುತ್ತಿದ್ದುದು ಅವಳನ್ನಲ್ಲ, ಅವಳ ತಲೆಯ ಮೇಲಿಂದ ಬಾಗಿಲನ್ನು.

ಬಾಗಿಲಲ್ಲಿ ಟೀಚರಮ್ಮ ನಿಂತಿದ್ದರು. ಕಣ್ಣು ತುಂಬಿತ್ತು.

"ಬನ್ನಿ ಟೀಚರ್, ಬನ್ನಿ," ಎಂದ ಅವನು, ಎದ್ದು ನಿಂತು.

"ಬೇಡಪ್ಪಾ. ಕಣ್ತುಂಬ ನೋಡಿದೆ, ಅಷ್ಟೇ ಸಾಕು. ಗಂಡ ಹೆಂಡಿರ ಜಗಳ ಉಂಡು ಮಲಗೋ ತನಕ ಅಂತ ಸುಮ್ನೆ ಹೇಳ್ತಾರಾ? ಸದ್ಯ, ನಾನು ಆ ಕೋರ್ಟಿನ ಮೆಟ್ಟಿಲು ಹತ್ತೋದು ತಪ್ಪಿತು."

"ಟೀಚರ್, ಹಾಗಲ್ಲ..." ಎನ್ನುವಷ್ಟರಲ್ಲಿ ಅವರು ಸೆರಗಿನಿಂದ ಕಣ್ಣೊರೆಸಿಕೊಂಡು ಮೆಟ್ಟಿಲಿನತ್ತ ಹೊರಟಾಗಿತ್ತು.

ಅವನು ಗುಂಡಿಯನ್ನು ಎಳೆದು ನೋಡಿದ. "ಗಟ್ಟಿಯಾಗಿದೆ," ಎಂದು ದನಿ ತಗ್ಗಿಸಿದ. "ವಕೀಲರು ನನಗೂ ಇದ್ದಾರೆ ಕಣೇ. ಇನ್ನು ಒಂದರಿಂದ ಎಣಿಸ್ಬೇಕಂತೆ."

ಕೆಳಗೆ ಎರಡನೇ ಮಹಡಿಯ ಬಾಗಿಲು ತೆರೆದದ್ದು ಕೇಳಿಸಿತು. "ಹೌದಾ!" ಎಂದು ಯಾರೋ ಉದ್ಗರಿಸಿದರು. ಆಮೇಲೆ ಮೊದಲನೇ ಮಹಡಿಯ ಬಾಗಿಲು. ಆಮೇಲೆ ನೆಲಮಹಡಿಯದು. ಅಜ್ಜಿಯ ಗಟ್ಟಿ ನಗು ಮೇಲಿನವರೆಗೂ ಬಂತು. ಕಡಿದ ನೂಲಿನ ತುದಿಯನ್ನು ಹಲ್ಲಿನ ನಡುವೆ ಹಾಗೇ ಕಚ್ಚಿಕೊಂಡು ಅವಳು ಕೂತಿದ್ದಳು.