ಬ್ರೇಕಿನವನ ಪಟ್ಟೆ ಟೋಪಿ

ಗಂಡ ಬಾಲ್ಸರನ ಶವಪೆಟ್ಟಿಗೆಯ ಮೇಲೆ ಮೈದುನ ಲಿನಾರ್ಡ್ ಇಟ್ಟ ಪಟ್ಟೆ ಟೋಪಿಯನ್ನು ಮೆಂಗಿಯಾ ತೆಗೆದು ತನ್ನ ಕರಿ ಕೋಟಿನ ಜೇಬಿಗೆ ತುರುಕಿಕೊಂಡಳು. ಪಾದ್ರಿ ಬಾಗಿಲಲ್ಲಿ ಬೂಟಿನ ಹಿಮ ಕೊಡವುತ್ತಿದ್ದರು.

"ಅತ್ತಿಗೆ, ಅದು ಅಣ್ಣನ ಜೊತೆ ಮಣ್ಣಿಗೆ ಹೋಗ್ಬೇಕು," ಎಂದ ಲಿನಾರ್ಡ್. "ಸಿನಿಮಾದಲ್ಲಿರೋ ಟೋಪಿ ಅದು."

"ನಾನು ಹೆಣೆದಿದ್ದು. ನನ್ನ ಹತ್ರಾನೇ ಇರ್ಲಿ."

"ಸತ್ತ ಮೇಲಾದ್ರೂ ಅವನಿಗೊಂದು ಮರ್ಯಾದೆ ಕೊಡಿ."

ಮರ್ಯಾದೆಯಂತೆ! ಬಾಲ್ಸರ್ ಜೀವಮಾನವಿಡೀ ಉಂಡದ್ದೇ ಆ ಮೂಕಿ ಚಿತ್ರದ ಹೆಸರಲ್ಲಿ. ಬೆಟ್ಟದೂರು ಸೇಂಟ್ ಮೊರಿಟ್ಜಿನಿಂದ ಇಳಿಯುವ ಪಂದ್ಯದ ಹಿಮದ ಓಣಿ, ಅದರಲ್ಲಿ ಇಂಗ್ಲಿಷ್ ದೊರೆಯ ಜಾರುಬಂಡಿ, ಬಂಡಿಯ ಕೊನೆಯಲ್ಲಿ ಬ್ರೇಕ್ ಹಿಡಿದು ಕೂತ ಪಟ್ಟೆ ಟೋಪಿ. ಮುಖ ಕಾಣುವುದಿಲ್ಲ. ಹೋಟೆಲಿನ ಲಾಯದಲ್ಲಿ ಲದ್ದಿ ಬಾಚುತ್ತಿದ್ದವನಿಗೆ ಅಷ್ಟಕ್ಕೇ ಪ್ರತಿ ಚಳಿಗಾಲ ಪುಕ್ಕಟೆ ವೈನು. ಓಣಿಯ ಕಡಿದಾದ ತಿರುವಿನಲ್ಲಿ ತಾನು ಸರಿಯಾಗಿ ವಾಲದಿದ್ದರೆ ದೊರೆಯ ತಲೆ ಒಡೆಯುತ್ತಿತ್ತೆಂದು ಅವನು ಕೊಚ್ಚಿಕೊಳ್ಳುವಾಗ ಮೆಂಗಿಯಾಳಿಗೆ ಹೊಟ್ಟೆ ಉರಿಯುತ್ತಿತ್ತು.

*

ಚಿತ್ರ ತೆಗೆದ ಬೆಳಿಗ್ಗೆ ಬಾಲ್ಸರ್ ಲಾಯದ ಹಿಂದೆ ಕೂತು ಕಕ್ಕುತ್ತಿದ್ದ. ಕುಡಿದದ್ದಕ್ಕಲ್ಲ, ಪುಕ್ಕಲುತನಕ್ಕೆ.

ಮೆಂಗಿಯಾ ಆ ಓಣಿಗೆ ನೀರೆರಚಿ ಮಂಜುಗಡ್ಡೆ ಕಟ್ಟಿಸುವವನ ಮಗಳು. ಕೆಲಸ ಮುಗಿದ ಮೇಲೆ ಅಪ್ಪನ ಸಲಿಕೆಯ ಮೇಲೆ ಕೂತು ಆ ಓಣಿಯಲ್ಲೇ ಮನೆಗೆ ಜಾರುತ್ತ ಬೆಳೆದವಳು.

"ನೀನೇ ಹೋಗಿ ಬ್ರೇಕಿಗೆ ಕೂರೇ. ಇಲ್ದಿದ್ರೆ ನನ್ನ ಕೆಲಸ ಹೋಗುತ್ತೆ," ಎಂದು ಅಂಗಲಾಚಿ ಕೋಟು, ಟೋಪಿ ಬಿಚ್ಚಿಕೊಟ್ಟ.

ದೊರೆ ತಿರುಗಿಯೂ ನೋಡಲಿಲ್ಲ. ಆಳಿನ ಮುಖ ನೋಡುವ ಅಭ್ಯಾಸ ಅವನಿಗೆಲ್ಲಿ? ಕೆಳಗೆ ಬಂಡಿ ನಿಂತದ್ದೇ ತಡ, ಮೊದಲೇ ಇಳಿದು ಅಲ್ಲಿ ಅಡಗಿದ್ದ ಬಾಲ್ಸರ್ ಅವಳಿಂದ ಕೋಟು, ಟೋಪಿ ಕಿತ್ತುಕೊಂಡು ಶಾಭಾಸ್ ಅನ್ನಿಸಿಕೊಳ್ಳಲು ಓಡಿದ.

*

ಮಣ್ಣು ಮಾಡಿದ ಮೇಲೆ ಹೋಟೆಲಿನಲ್ಲಿ ಬಾರ್ಲಿ ಸೂಪು, ಕಾಫಿ. ಬದುಕಿದ್ದಾಗ ಬಾಲ್ಸರನನ್ನು ಹಿಂಬಾಗಿಲಿನಿಂದಷ್ಟೇ ಬಿಟ್ಟುಕೊಳ್ಳುತ್ತಿದ್ದ ಮಾಲೀಕ ಈಗ ಅವನ ಗೌರವಕ್ಕೆಂದು ಪರದೆ ಕಟ್ಟಿ ಚಿತ್ರ ಓಡಿಸಿದ. ಲಿನಾರ್ಡ್ ಮೂಗು ಸೀಟಿದ.

ಬಂಡಿ ತಿರುವಿಗೆ ಬಂತು. ಪಟ್ಟೆ ಟೋಪಿ ಎಡಕ್ಕೆ ವಾಲಿತು. ಅದೇ ಕ್ಷಣ ಮೆಂಗಿಯಾ ಕುರ್ಚಿಯಿಂದಾಚೆ ಎಡಕ್ಕೆ ವಾಲಿದಳು. ಎರಡೂ ಮುಷ್ಟಿ ಮೇಜಿನ ಬಟ್ಟೆಯನ್ನು ಜಗ್ಗಿದವು. ಕಾಫಿ ಲಿನಾರ್ಡನ ತೊಡೆಗೆ ಚೆಲ್ಲಿತು.

ಅವನು ಪರದೆ ನೋಡಿದ, ಅವಳನ್ನು ನೋಡಿದ.

"ಅತ್ತಿಗೆ... ನೀವಾ?"

ಮೆಂಗಿಯಾ ಜೇಬಿನಿಂದ ಟೋಪಿ ತೆಗೆದು ನರೆಗೂದಲ ಮೇಲೆ ಕಿವಿ ಮುಚ್ಚುವಂತೆ ಎಳೆದುಕೊಂಡಳು.

"ಮುಂದೆ ನೋಡು. ಇನ್ನೊಂದು ತಿರುವಿದೆ."

ಅವಳು ಬಲಕ್ಕೆ ವಾಲಿದಳು. ಆಮೇಲೆ ಪರದೆಯ ಮೇಲಿನ ಟೋಪಿ ಬಲಕ್ಕೆ ವಾಲಿತು.